ಹೌಸಾ ನಾಡಿನ ಗಾಯಿಕೆ ಬರ್ಮಾನಿ ಚೋಗೆ

ದೇಶಗಳ ಚರಿತ್ರೆಯನ್ನು ಬರೆಯತಕ್ಕವರು ಸಾಮಾನ್ಯವಾಗಿ ರಾಜದ್ವಾರದಿಂದಲೇ ಒಳಹೊಗುವರು. ಯಾವ ಅರಸನು ಯಾರನ್ನು ಗೆದ್ದನು, ಯಾವ ಕೋಟೆಯು ಎಂದು ಬಿದ್ದಿತು, ಯಾವ ವಂಶದ ತರುವಾಯ ಯಾವ ವಂಶವು ಬಂದಿತು ಎಂಬಿಷ್ಟನ್ನು ಅರಿತರೆ ಆ ದೇಶವನ್ನೇ ಅರಿತಂತಾಯಿತೆಂಬ ಭಾವನೆಯು ಬಲವಾಗಿರುವುದು. ಆದರೆ ಮನೆಗೆ ತಲೆಬಾಗಿಲೊಂದಿರುವಂತೆ ಹಿತ್ತಿಲ ಬಾಗಿಲೂ ಒಂದುಂಟು. ಹಿತ್ತಿಲಲ್ಲಿ ಹೆಂಗಸರು ಆಡಿಕೊಂಡ ಮಾತು, ನಕ್ಕ ನಗೆ, ಪಾತ್ರೆ ತೊಳೆಯುತ್ತ ಹಾಡಿಕೊಂಡ ಹಾಡು ಇವುಗಳನ್ನು ಬರೆದಿಟ್ಟವರು ವಿರಳ. ಬರೆದಿಡದ ಕಾರಣ ಇವು ಇರಲೇ ಇಲ್ಲವೆಂದು ಹೇಳುವುದು ಯುಕ್ತವಲ್ಲ.

2013ನೆಯ ಇಸವಿ ಮಾರ್ಚಿ 2ನೆಯ ತಾರೀಖು ಶನಿವಾರ, ಪಶ್ಚಿಮ ಆಫ್ರಿಕಾ ಖಂಡದ ನೈಜೀರಿಯಾ ದೇಶದಲ್ಲಿ ವೃದ್ಧಳಾದ ಗಾಯಿಕೆಯೊಬ್ಬಳು ದಿವಂಗತಳಾದಳು. ಆಕೆಯ ಹೆಸರು ಹಾಜಿಯಾ ಸಾದಾತು ಬರ್ಮಾನಿ ಚೋಗೆ. ಆಕೆ ಹುಟ್ಟಿದುದು ಹೌಸಾ ಜನರಲ್ಲಿ. ನೆಲಸಿದುದು ಕತ್ಸಿನಾ ಪ್ರಾಂತದ ಫುಂತುವಾ ಪಟ್ಟಣದಲ್ಲಿ. ನುಡಿಸಿದುದು ನೀರಿನ ಮೇಲೆ ಬೋರಲು ಹಾಕಿದ ಸೋರೆಬುರುಡೆಯ ವಾದ್ಯ. ಆ ನಾಡಿನ ಗೋಡೆಗಳ ಒಳಗಿದ್ದ ಹೆಂಗಸರ ಮಾತನ್ನು ಗೋಡೆಯ ಹೊರಗಿನವರೂ ಕೇಳುವಂತೆ ಮಾಡಿದವಳೆಂಬುದೇ ಈಕೆಯ ಕೀರ್ತಿ. ಇದೇ ಈಕೆಗೆ ಬಂದ ಅಪವಾದಕ್ಕೂ ಮೂಲ. ಈ ಎರಡನ್ನೂ ತೂಗಿ ನೋಡಬೇಕಾದರೆ ಮೊದಲು ಆ ನಾಡಿನ ಸ್ಥಿತಿಯನ್ನು ಕೊಂಚ ತಿಳಿಯಬೇಕು.

ಹೌಸಾ ನಾಡೆಂಬುದು ಇಂದಿನ ನೈಜೀರಿಯಾದ ಉತ್ತರ ಭಾಗವನ್ನೂ ಅದಕ್ಕೆ ಅಂಟಿಕೊಂಡ ನಿಜೇರ್ ದೇಶದ ದಕ್ಷಿಣ ಭಾಗವನ್ನೂ ವ್ಯಾಪಿಸಿರುವುದು. ಹೌಸಾ ಭಾಷೆಯು ಆಫ್ರಿಕಾ ಖಂಡದಲ್ಲಿ ಬಹು ಜನರಾಡುವ ಭಾಷೆಗಳಲ್ಲಿ ಒಂದು. ವ್ಯಾಪಾರಿಗಳ ಮುಖದಿಂದ ಇದು ತನ್ನ ಸೀಮೆಯನ್ನು ದಾಟಿ ದೂರ ದೂರಕ್ಕೆ ಹಬ್ಬಿತು. ಕಾನೋ ನಗರದ ನೀಲಿ ಬಣ್ಣದ ವಸ್ತ್ರಗಳೂ ಹದಮಾಡಿದ ಚರ್ಮವೂ ಮರಳುಗಾಡನ್ನು ದಾಟಿ ಹೋಗುತ್ತಿದ್ದುವು. ದೌರಾ, ಕಾನೋ, ಕತ್ಸಿನಾ, ಜಜ್ಜೌ, ಗೋಬಿರ್, ರಾನೋ, ಬಿರಾಮ್ ಎಂಬ ಏಳು ರಾಜ್ಯಗಳು ತಮ್ಮ ಮೂಲವೊಂದೇ ಎಂದು ಹೇಳಿಕೊಳ್ಳುವುವು. ಆ ಮೂಲದ ಐತಿಹ್ಯವು ಸ್ವಾರಸ್ಯವಾದುದು. ದೌರಾ ಪಟ್ಟಣದ ಬಾವಿಯಲ್ಲಿ ಒಂದು ಮಹಾಸರ್ಪವಿದ್ದು, ವಾರಕ್ಕೊಂದು ದಿನವಲ್ಲದೆ ಜನರಿಗೆ ನೀರು ಸೇದಗೊಡುತ್ತಿರಲಿಲ್ಲವಂತೆ. ಬಾಯಾಜಿದ್ದಾ ಎಂಬ ಪರದೇಶಿಯು ಬಂದು ಅದನ್ನು ಕೊಂದನಂತೆ. ಅಲ್ಲಿಯ ರಾಣಿ ದೌರಮಾ ಆತನನ್ನು ವರಿಸಿದಳಂತೆ. ಆ ವಂಶದವರೇ ಏಳು ರಾಜ್ಯಗಳನ್ನಾಳಿದರಂತೆ. ಕಥೆಯು ವೀರನ ಪರಾಕ್ರಮವನ್ನು ಹೊಗಳಲು ಹುಟ್ಟಿದುದಾದರೂ ಸಿಂಹಾಸನದ ಮೇಲೆ ಮೊದಲು ಕುಳಿತಿದ್ದವಳು ಹೆಂಗಸೆಂಬುದನ್ನು ಮರೆಯಲಿಲ್ಲ. ಜಜ್ಜೌ ರಾಜ್ಯದ ಅಮೀನಾ ಎಂಬ ರಾಣಿಯು ಸೈನ್ಯವನ್ನು ನಡೆಯಿಸಿ ದೇಶಗಳನ್ನು ಗೆದ್ದಳೆಂದೂ ಐತಿಹ್ಯವುಂಟು.

14ನೆಯ ಶತಮಾನದ ಹೊತ್ತಿಗೆ ಕಾನೋ ಅರಮನೆಗೆ ಇಸ್ಲಾಂ ಮತವು ಪ್ರವೇಶಿಸಿತ್ತು. 1804ರಲ್ಲಿ ಉಸ್ಮಾನ್ ದಾನ್ ಫೋದಿಯೋ ಎಂಬ ವಿದ್ವಾಂಸನು ಹೌಸಾ ಅರಸರು ಧರ್ಮವನ್ನು ಸಡಿಲಬಿಟ್ಟರೆಂದು ಯುದ್ಧವನ್ನು ಹೂಡಿದನು. ಇದರ ಫಲವಾಗಿ ಸೊಕೊಟೊ ನಗರವನ್ನು ಕೇಂದ್ರವಾಗುಳ್ಳ ಒಂದು ದೊಡ್ಡ ರಾಜ್ಯವು ಏರ್ಪಟ್ಟಿತು. ಈತನ ಪುತ್ರಿಯಾದ ನಾನಾ ಅಸ್ಮಾವು (1793–1864) ಅರಬ್ಬಿ, ಫುಲಾನಿ, ಹೌಸಾ ಮೂರೂ ಭಾಷೆಗಳಲ್ಲಿ ಕವನಗಳನ್ನು ರಚಿಸಿದ ವಿದುಷಿ. ಹಳ್ಳಿಯ ಹೆಂಗಸರಿಗೆ ವಿದ್ಯೆಯನ್ನು ಮುಟ್ಟಿಸಬೇಕೆಂದು ಆಕೆಯು ಶಿಕ್ಷಕಿಯರ ತಂಡಗಳನ್ನು ಕಟ್ಟಿದಳು. ಶಿಕ್ಷಕಿಯರು ಪದ್ಯಗಳನ್ನು ಬಾಯಿಪಾಠಮಾಡಿ ಮನೆಮನೆಗೂ ಹೋಗಿ ಹೇಳಿಕೊಡುತ್ತಿದ್ದರು. ಪುಸ್ತಕವಿಲ್ಲದವರಿಗೆ ಪದ್ಯವೇ ಪುಸ್ತಕವೆಂಬ ತತ್ತ್ವವನ್ನು ಆ ತಾಯಿಯು ಚೆನ್ನಾಗಿ ಅರಿತಿದ್ದಳು.

ಅದೇ ಶತಮಾನದಲ್ಲಿ ವಿವಾಹಿತ ಸ್ತ್ರೀಯರು ಮನೆಯ ಆವರಣದೊಳಗೇ ಇರತಕ್ಕದ್ದೆಂಬ ಆಚಾರವು ಬಲಗೊಂಡು ಹರಡಿತು. ಇದನ್ನು ಹೌಸಾ ಭಾಷೆಯಲ್ಲಿ ಕುಲ್ಲೆ ಎನ್ನುವರು. ಎತ್ತರವಾದ ಮಣ್ಣಿನ ಗೋಡೆ, ಒಳಗೆ ಅಂಗಳ, ಅಂಗಳದ ಸುತ್ತ ಒಬ್ಬೊಬ್ಬ ಹೆಂಡತಿಗೂ ಪ್ರತ್ಯೇಕವಾದ ಕೋಣೆ. ಇದು ಸ್ಥಿತಿವಂತರ ಮನೆಯ ರೂಪ. ಹಿರಿಯ ಹೆಂಡತಿಯು ಉವರ್‌ಗಿದಾ, ಅಂದರೆ ಮನೆಯ ತಾಯಿ. ಹೊಸದಾಗಿ ಬಂದವಳು ಅಮಾರ್ಯಾ. ಪರಸ್ಪರರಿಗೆ ಇವರು ಕಿಶಿಯಾ, ಅಂದರೆ ಸವತಿ.

ಹೀಗೆ ಒಳಗಿದ್ದವರು ಕೈಕಟ್ಟಿ ಕುಳಿತಿದ್ದರೆಂದು ತಿಳಿಯಬಾರದು. ಪಾಲಿ ಹಿಲ್ ಎಂಬ ಆಂಗ್ಲ ವಿದುಷಿಯು ಕತ್ಸಿನಾ ಸೀಮೆಯ ಒಂದು ಗ್ರಾಮದಲ್ಲಿ ನಿಂತು ಪರಿಶೀಲಿಸಿ, ಹೌಸಾ ನಾಡಿನ ಗುಪ್ತ ವ್ಯಾಪಾರವೆಂಬ ವಿಷಯವಾಗಿ 1969ರಲ್ಲಿ ಒಂದು ಪ್ರಬಂಧವನ್ನು ಪ್ರಕಟಿಸಿದಳು. ಪೇಟೆಯ ಮುಖವನ್ನೇ ನೋಡದ ಆ ಹೆಂಗಸರು ಮನೆಯೊಳಗೇ ಕಡಲೆಕಾಯಿ ಎಣ್ಣೆ ತೆಗೆದು, ಕಾಳಿನ ಹಿಟ್ಟನ್ನು ರುಬ್ಬಿ ಕರಿದು, ಸಜ್ಜೆಯ ಉಂಡೆಗಳನ್ನು ಕಟ್ಟಿ, ಮಕ್ಕಳ ತಲೆಯ ಮೇಲೆ ಹೊರಿಸಿ ಮಾರಾಟಕ್ಕೆ ಕಳುಹಿಸುತ್ತಿದ್ದರು. ಧಾನ್ಯವನ್ನು ಕೊಂಡು ಶೇಖರಿಸಿ ಮಾರುತ್ತಿದ್ದರು. ಬಂದ ಹಣವು ಗಂಡನದಲ್ಲ, ಅವರದೇ. ಮಗಳ ಮದುವೆಗೆ ಪಾತ್ರೆಪಡಗಗಳನ್ನು ಕೂಡಿಸುವುದು ಈ ಹಣದಿಂದಲೇ. ಗೋಡೆಯು ಹೆಂಗಸರನ್ನು ಮರೆಮಾಡಿತ್ತೇ ಹೊರತು ಅವರ ದುಡಿಮೆಯನ್ನು ನಿಲ್ಲಿಸಿರಲಿಲ್ಲ. ಈ ಸಂಗತಿಯನ್ನು ವಾಚಕರು ನೆನಪಿನಲ್ಲಿಡತಕ್ಕದ್ದು. ಬರ್ಮಾನಿಯ ಹಾಡುಗಳ ಅರ್ಥವು ಇದರಿಂದಲೇ ತಿಳಿಯುವುದು.

ಇನ್ನು ಹೌಸಾ ಸಂಗೀತದ ವಿಷಯ. ದೊರೆಗಳ ಅರಮನೆಯಲ್ಲಿ ಕಕಾಕಿ ಎಂಬ ಆಳೆತ್ತರವನ್ನು ಮೀರಿದ ಲೋಹದ ಕಹಳೆಯೂ ತಂಬರಿ ಎಂಬ ದೊಡ್ಡ ಭೇರಿಯೂ ಅಧಿಕಾರದ ಗುರುತುಗಳು. ಜನರ ನಡುವೆ ನಡು ಸಣ್ಣದಾದ ಕಲಂಗು ಎಂಬ ಚರ್ಮವಾದ್ಯವೂ ಗೋಗೆ ಎಂಬ ಒಂಟಿ ತಂತಿಯ ಪಿಟೀಲೂ ಪ್ರಸಿದ್ಧವಾದುವು. ಹಾಡುವವನು ದೊಡ್ಡ ಮನುಷ್ಯರನ್ನು ಹೊಗಳಿ ಸಂಭಾವನೆಯನ್ನು ಪಡೆಯುವುದು ವಾಡಿಕೆ. ಈ ವೃತ್ತಿಗೆ ರೋಕೋ ಎಂದು ಹೆಸರು. ಹೆಸರಿನಲ್ಲಿಯೇ ಬೇಡುವುದೆಂಬ ಅರ್ಥವಡಗಿದೆ. ಹಾಡನ್ನು ಕೇಳಲು ಎಲ್ಲರಿಗೂ ಆಸೆ, ಹಾಡುವವನೊಡನೆ ನಂಟು ಬೆಳೆಯಿಸಲು ಯಾರಿಗೂ ಮನಸ್ಸಿಲ್ಲ ಎಂಬಂತಹ ಸ್ಥಿತಿಯು ಇದರಿಂದ ಉಂಟಾಯಿತು. ಗಂಡಸಿಗೇ ಹೀಗಾದ ಮೇಲೆ ಹಾಡುವ ಹೆಂಗಸಿನ ಪಾಡನ್ನು ಹೇಳತಕ್ಕುದೇನಿದೆ? ಆದರೂ ಜಬಿಯಾ ಎಂಬ ಹೆಸರಿನ ಗಾಯಿಕೆಯರು ಹಿಂದಿನಿಂದಲೂ ಇದ್ದರು. ಮದುವೆ, ನಾಮಕರಣಾದಿ ಶುಭಕಾರ್ಯಗಳಲ್ಲಿ ಹೆಂಗಸರ ಅಂಗಳದಲ್ಲಿ ಹಾಡಲು ಗಂಡಸರಿಗೆ ಪ್ರವೇಶವಿಲ್ಲವಷ್ಟೆ. ಆದುದರಿಂದ ಹೆಂಗಸರೇ ಬೇಕಾಗಿದ್ದಿತು.

ಆ ಅಂಗಳಕ್ಕೆ ಕಹಳೆಯಾಗಲಿ ಭೇರಿಯಾಗಲಿ ಬರಲಾರವು. ಅಲ್ಲಿದ್ದವರು ಕೈಗೆ ಸಿಕ್ಕಿದ ಪಾತ್ರೆಯನ್ನೇ ವಾದ್ಯವಾಗಿ ಮಾಡಿಕೊಂಡರು. ಬಲಿತ ಸೋರೆಕಾಯನ್ನು ಒಣಗಿಸಿ ಎರಡು ಹೋಳಾಗಿ ಕೊಯ್ದರೆ ಕ್ವಾರ್ಯಾ ಎಂಬ ಬಟ್ಟಲಾಗುವುದು. ಹೌಸಾ ಮನೆಯಲ್ಲಿ ಹಾಲಿಗೂ ಕಾಳಿಗೂ ಅಂಬಲಿಗೂ ಇದೇ ಪಾತ್ರೆ. ಸಂತೆಯಲ್ಲಿ ಇದೇ ಅಳತೆ. ಅಗಲವಾದ ಪಾತ್ರೆಯಲ್ಲಿ ನೀರನ್ನು ತುಂಬಿ, ಅದರ ಮೇಲೆ ಈ ಬುರುಡೆಯನ್ನು ಬೋರಲು ತೇಲಬಿಟ್ಟು ಕೈಯಿಂದ ಬಡಿದರೆ ನೀರಿನ ಆಳದಿಂದ ಬಂದಂತಹ ಗಂಭೀರವಾದ ನಾದವು ಹೊರಡುವುದು. ಬುರುಡೆಯೊಳಗೆ ಸಿಕ್ಕಿಕೊಂಡ ಗಾಳಿಯೂ ಕೆಳಗಿನ ನೀರೂ ಸೇರಿ ಈ ನಾದವನ್ನು ಉಂಟುಮಾಡುವುವು. ದೊಡ್ಡ ಬುರುಡೆಗೆ ಮಂದ್ರ, ಸಣ್ಣದಕ್ಕೆ ತಾರ. ನಾಲ್ಕಾರು ಮಂದಿ ಕುಳಿತು ಬಡಿದರೆ ತಾಳಗಳು ಒಂದರೊಳಗೊಂದು ಹೆಣೆದುಕೊಳ್ಳುವುವು. ವಾತ್ಸ್ಯಾಯನನು ಎಣಿಸಿದ ಅರುವತ್ತನಾಲ್ಕು ಕಲೆಗಳಲ್ಲಿ ಉದಕವಾದ್ಯವೆಂಬುದೊಂದುಂಟು. ನೀರನ್ನು ಮುರಜದಂತೆ ನುಡಿಸುವುದೆಂದು ವ್ಯಾಖ್ಯಾನಕಾರನು ಅದಕ್ಕೆ ಅರ್ಥ ಹೇಳುವನು. ಆ ವಾದ್ಯಕ್ಕೂ ಈ ವಾದ್ಯಕ್ಕೂ ಯಾವ ಸಂಬಂಧವೂ ಇಲ್ಲ. ಆದರೂ ನೀರಿನಲ್ಲಿ ನಾದವಡಗಿದೆಯೆಂಬುದನ್ನು ಎರಡು ದೂರ ದೇಶಗಳ ಜನರು ತಮ್ಮ ತಮ್ಮ ಪಾಡಿಗೆ ಕಂಡುಕೊಂಡರೆಂಬುದು ಸಂತೋಷದ ಸಂಗತಿ.

ಬುರುಡೆಯ ಈ ತಾಳಕ್ಕೆ ಹೊಂದಿಸಿ ಹೆಂಗಸರು ಹಾಡುವ ಹಾಡಿಗೆ ಅಮದಾ ಎಂದು ಹೆಸರು. ಮೂಲದಲ್ಲಿ ಇದು ಭಕ್ತಿಗೀತ. ಪ್ರವಾದಿಯ ಅಹಮದ್ ಎಂಬ ನಾಮವೇ ಪಲ್ಲವಿಯಾಗಿ, ಪಲ್ಲವಿಯೇ ಈ ಹಾಡಿನ ಜಾತಿಗೆ ಹೆಸರಾಯಿತೆಂದು ಬಲ್ಲವರ ಅಭಿಪ್ರಾಯ. ಬುರುಡೆ ನುಡಿಸುವವರು ಬಹುಶಃ ವಯಸ್ಸಾದ ಹೆಂಗಸರು. ಇದಕ್ಕೆ ಕಾರಣವೂ ಸ್ಪಷ್ಟವಾಗಿದೆ: ಮಕ್ಕಳನ್ನು ಹೆರುವ ವಯಸ್ಸು ಕಳೆದ ಸ್ತ್ರೀಗೆ ಕುಲ್ಲೆಯ ಕಟ್ಟು ಸಡಿಲವಾಗಿ, ಮನೆಯಿಂದ ಮನೆಗೆ ಹೋಗಿಬರುವ ಸ್ವಾತಂತ್ರ್ಯವುಂಟು. ಕಾಲಕ್ರಮದಲ್ಲಿ ಭಕ್ತಿಯ ಜತೆಗೆ ಲೋಕದ ಮಾತೂ ಈ ಹಾಡಿನಲ್ಲಿ ಸೇರಿತು. ಕಾನೋ ನಗರದ ಉವಾಲಿಯಾ ಮಾಯ್ ಅಮದಾ ಎಂಬವಳು ಈ ಹಾಡಿನಿಂದ ಹೆಸರಾದಳು. ಹಾಡಿನ ಹೆಸರೇ ಆಕೆಯ ಬಿರುದು. ಅದೇ ಸಂಪ್ರದಾಯದಲ್ಲಿ ಉವಾಲಿಯಾಳ ಜತೆಗೆ ಎಣಿಸಲ್ಪಡುವ ಹೆಸರು ಬರ್ಮಾನಿ ಚೋಗೆ.

ಬರ್ಮಾನಿಯು 1940ರ ದಶಕದಲ್ಲಿ ಫುಂತುವಾ ಸೀಮೆಯಲ್ಲಿ ಜನಿಸಿದಳು. ಅವಳ ಹೆಸರೇ ಒಂದು ಪ್ರಾರ್ಥನೆಯಂತಿದೆ. ಬರ್ ಮಾನಿ ಎಂದರೆ ನನಗಾಗಿ ಉಳಿಸು ಎಂದರ್ಥ. ಹಿಂದೆ ಹುಟ್ಟಿದ ಶಿಶುಗಳು ಉಳಿಯದ ಮನೆಯಲ್ಲಿ ಇಂತಹ ಹೆಸರುಗಳನ್ನಿಡುವುದು ಹೌಸಾ ಜನರ ಪದ್ಧತಿ. ಗಂಡುಮಗುವಾದರೆ ಅಜೂಜಿ, ಅಂದರೆ ಕಸದ ರಾಶಿಯ ಮೇಲಿನವನು ಎಂದು ಕರೆಯುವುದೂ ಉಂಟು. ಮಗುವನ್ನು ತಿಪ್ಪೆಯ ಮೇಲೆ ಹೊರಳಿಸಿ ತಿಪ್ಪನೆಂದು ಹೆಸರಿಡುವುದನ್ನು ಕೇಳಿಬಲ್ಲ ವಾಚಕರಿಗೆ ಆ ತಾಯಂದಿರ ಮನಸ್ಸನ್ನು ವಿವರಿಸಬೇಕಾದುದಿಲ್ಲ. ಚೋಗೆ ಎಂಬುದಕ್ಕೆ ಒಂದು ಪಕ್ಕಕ್ಕೆ ವಾಲುವುದೆಂದು ಅರ್ಥ. ಹಾಡುತ್ತ ವಾಲಿ ವಾಲಿ ಕುಣಿಯುತ್ತಿದ್ದುದರಿಂದ ಅಂಟಿಕೊಂಡ ಅಡ್ಡಹೆಸರಿದು. ಗೀತ, ವಾದ್ಯ, ನೃತ್ಯ ಮೂರೂ ಕೂಡಿದರೇ ಸಂಗೀತವೆಂದು ಶಾಸ್ತ್ರಕಾರರು ಹೇಳುವರಲ್ಲವೇ? ಆ ಲಕ್ಷಣವು ಬರ್ಮಾನಿಯ ಮೇಳದಲ್ಲಿ ಪೂರ್ಣವಾಗಿದ್ದಿತು. ವೃದ್ಧೆಯರು ನೆಲದ ಮೇಲೆ ಕುಳಿತು ಬುರುಡೆಗಳನ್ನು ಬಡಿಯುತ್ತ ಪಲ್ಲವಿಯನ್ನೆತ್ತುವರು. ಇವಳು ಎದುರಿಗೆ ನಿಂತು ಚರಣಗಳನ್ನು ಹಾಡುತ್ತ ಕುಣಿಯುವಳು.

ಆ ಕಾಲದ ಇತರ ಹುಡುಗಿಯರಂತೆ ಈಕೆಗೂ ಚಿಕ್ಕಂದಿನಲ್ಲಿಯೇ ವಿವಾಹವಾಯಿತು. ಹಲವು ಮಕ್ಕಳ ತಾಯಿಯೂ ಆದಳು. ಸಂಸಾರವನ್ನು ಬಿಟ್ಟೋಡಿ ಹಾಡುಗಾರಳಾದವಳಲ್ಲ; ಸಂಸಾರದ ನಡುವಿನಿಂದಲೇ ಹಾಡಲು ಎದ್ದುನಿಂತವಳು. ಈ ವಿಶೇಷವು ಆಕೆಯ ಹಾಡಿನಲ್ಲೆಲ್ಲ ಕಾಣುವುದು. ಆಕೆಯು ಹೆಂಗಸರಿಗೆ ಬುದ್ಧಿ ಹೇಳುವಾಗ ಅದು ಹೊರಗಿನವರ ಉಪದೇಶವಾಗಿ ಕೇಳಿಸದೆ, ಒಲೆಯ ಮುಂದೆ ಕುಳಿತ ಅಕ್ಕನ ಮಾತಾಗಿ ಕೇಳಿಸುವುದು.

ಫುಂತುವಾ ಪಟ್ಟಣವು ಹತ್ತಿಯ ವ್ಯಾಪಾರಕ್ಕೆ ಹೆಸರಾದುದು; ಜಾರಿಯಾದಿಂದ ವಾಯವ್ಯಕ್ಕೆ ಹೋಗುವ ರೈಲುದಾರಿಯಲ್ಲಿದ್ದುದರಿಂದ ಅಲ್ಲಿ ಜನವೂ ಹಣವೂ ಸೇರುತ್ತಿದ್ದುವು. ಹೌಸಾ ಗಾಯಕರಲ್ಲಿ ಚಕ್ರವರ್ತಿಯೆನಿಸಿದ ಮಮ್ಮನ್ ಶಾತಾ ನೆಲಸಿದುದೂ ಇದೇ ಊರಿನಲ್ಲಿ. ಅವನು 1999ರಲ್ಲಿ ತೀರಿಕೊಂಡನು. ದೇಶವೆಲ್ಲ ಶಾತಾನ ಹೆಸರು ಮೊಳಗುತ್ತಿದ್ದಾಗ, ಅದೇ ಊರಿನ ಒಬ್ಬ ಹೆಂಗಸು ಚರ್ಮವಾದ್ಯದ ಮೇಳವಿಲ್ಲದೆ, ಅಡಿಗೆಮನೆಯ ಬುರುಡೆಯನ್ನು ನೆಚ್ಚಿ ತನ್ನ ಹೆಸರನ್ನು ಕಟ್ಟಿಕೊಂಡಳೆಂಬುದು ಸಾಮಾನ್ಯವಲ್ಲ.

ಆಕೆಯ ಕೀರ್ತಿಯು ಬೆಳೆದ 1970ರ ದಶಕವು ಉತ್ತರ ನೈಜೀರಿಯಾದಲ್ಲಿ ಬದಲಾವಣೆಯ ಕಾಲವಾಗಿದ್ದಿತು. 1960ರಲ್ಲಿ ದೇಶವು ಬ್ರಿಟಿಷರಿಂದ ಸ್ವತಂತ್ರವಾಗಿತ್ತು. ದೇಶದ ದಕ್ಷಿಣ ಭಾಗದ ಹೆಂಗಸರು ಅದಕ್ಕೆ ಮೊದಲೇ ಮತವನ್ನು ಕೊಡುತ್ತಿದ್ದರೂ ಉತ್ತರದ ಹೆಂಗಸರಿಗೆ ಮತಾಧಿಕಾರ ಬಂದುದು 1976ರಲ್ಲಿ. ಅವರು ಅದನ್ನು ಮೊದಲು ಚಲಾಯಿಸಿದುದು 1979ರ ಚುನಾವಣೆಯಲ್ಲಿ. ಸರ್ವರಿಗೂ ಪ್ರಾಥಮಿಕ ಶಿಕ್ಷಣವೆಂಬ ಯೋಜನೆಯೂ 1976ರಲ್ಲಿಯೇ ದೇಶದಲ್ಲೆಲ್ಲ ಆರಂಭವಾಯಿತು. ಮಣ್ಣೆಣ್ಣೆಯ ಗಣಿಗಳಿಂದ ಹಣವು ಹರಿದುಬಂದು ಪೇಟೆಯ ಬೆಲೆಗಳೇರಿದುವು. ಮನೆಯೊಳಗಿನ ಹೆಂಗಸು ಏನು ಮಾಡಬೇಕು, ಎಷ್ಟು ಕಲಿಯಬೇಕು, ಹಣಕ್ಕೆ ಯಾರ ಮುಖವನ್ನು ನೋಡಬೇಕು ಎಂಬ ಪ್ರಶ್ನೆಗಳು ಅಂಗಳ ಅಂಗಳದಲ್ಲಿಯೂ ಎದ್ದಿದ್ದುವು. ಬಿಂತಾ ಕತ್ಸಿನಾ ಎಂಬ ಇನ್ನೊಬ್ಬ ಗಾಯಿಕೆಯು ನೈಜೀರಿಯಾದ ಹೆಂಗಸರು ಎಲ್ಲ ವಿಧವಾದ ಉದ್ಯೋಗಕ್ಕೂ ಸಮರ್ಥರೆಂದು ಹಾಡಿದಳು. ಬರ್ಮಾನಿಯ ಉತ್ತರವು ಆ ಹಾಡಿಗಿಂತ ಮನೆಗೆ ಹತ್ತಿರವಾದುದು.

ಹೆಂಗಸರೇ, ಕಸಬನ್ನು ಹಿಡಿಯಿರಿ ಎಂಬುದು ಆಕೆಯ ಪ್ರಸಿದ್ಧವಾದ ಒಂದು ಹಾಡಿನ ಹೆಸರು. ಅದೇ ಅದರ ಸಾರವೂ ಆಗಿದೆ. ಗಂಡನು ತಂದು ಹಾಕುವನೆಂದು ಕೈಯೊಡ್ಡಿ ಕುಳಿತವಳಿಗೆ ಮಾನವಿಲ್ಲ. ತನ್ನ ಕೈಯಲ್ಲಿ ಒಂದು ಕಸಬಿದ್ದರೆ ಸವತಿ ಬಂದರೂ ಬಡತನ ಬಂದರೂ ನಿಲ್ಲಬಲ್ಲಳು ಎಂಬುದು ಆಕೆಯ ತಾತ್ಪರ್ಯ. ಇದು ಪಾಶ್ಚಾತ್ಯರಿಂದ ಎರವಲಾಗಿ ತಂದ ಮಾತಲ್ಲ. ಗೋಡೆಯ ಹಿಂದೆ ತಲೆಮಾರುಗಳಿಂದ ಎಣ್ಣೆ ತೆಗೆದು, ಉಂಡೆ ಕಟ್ಟಿ, ಕಾಳು ಮಾರಿಕೊಂಡು ಬಂದ ಹೆಂಗಸರ ಅನುಭವವು ಇಲ್ಲಿ ಬಾಯಿಬಿಟ್ಟಿದೆ. ಪಾಲಿ ಹಿಲ್ ವಿದುಷಿಯು ಗುಪ್ತವೆಂದು ಕರೆದುದನ್ನು ಬರ್ಮಾನಿಯು ಬುರುಡೆ ಬಡಿದು ಸಾರಿದಳು.

ಪೆದ್ದಿಗೆ ಜಾಣತನವಿಲ್ಲ ಎಂಬ ಅರ್ಥದ ಇನ್ನೊಂದು ಹಾಡಿನಲ್ಲಿ ಆಕೆಯ ಕೊರಡೆಯು ಹೆಂಗಸರ ಮೇಲೆಯೇ ಬೀಳುವುದು. ಮನೆಯನ್ನು ನಡೆಯಿಸಲು ಬಾರದ, ಕಾಲದೇಶಗಳ ಅರಿವಿಲ್ಲದ ಗೃಹಿಣಿಯನ್ನು ಆಕೆಯು ನಗೆಗೀಡುಮಾಡುವಳು. ಹೆಂಗಸರ ಪಕ್ಷಪಾತಿಯಾದ ಮಾತ್ರಕ್ಕೆ ಹೆಂಗಸರ ತಪ್ಪುಗಳನ್ನು ಮುಚ್ಚುವವಳಲ್ಲ. ಗ್ವಾರ್ನೆ ಎಂಬ ಮಾತಿನಿಂದ ಆರಂಭವಾಗುವ ಹೆಸರುಳ್ಳ ಮತ್ತೊಂದು ಹಾಡುಂಟು. ಕಂಕುಳಲ್ಲಿ ಮೊಲೆಯೂಡುವ ಕೂಸಿರುವಾಗಲೇ ಮತ್ತೆ ಬಸುರಾಗುವುದಕ್ಕೆ ಹೌಸಾ ಭಾಷೆಯಲ್ಲಿ ಗ್ವಾರ್ನೆ ಎನ್ನುವರು. ಮೊಲೆ ಬಿಡಿಸುವ ತನಕ ಎಚ್ಚರವಾಗಿರತಕ್ಕದ್ದೆಂಬ ಆಚಾರವಿರುವ ಸಮಾಜದಲ್ಲಿ ಹಾಗೆ ಬಸುರಾದವಳು ನಾಚಿಕೆಯಿಂದ ಕುಗ್ಗುವಳು. ಇದು ದೈವದ ಶಕ್ತಿಯೆಂಬುದೇ ಆ ಹಾಡಿನ ಹೆಸರಿನ ಅರ್ಥ. ಮೇಲ್ನೋಟಕ್ಕೆ ಪರಿಹಾಸವಾಗಿ ತೋರಿದರೂ ಪ್ರತಿ ವರ್ಷವೂ ಬಾಣಂತಿಯಾಗುವ ತಾಯಿಯ ಆಯಾಸವನ್ನೂ ನಾಚಿಕೆಯನ್ನೂ ಬಲ್ಲವಳೇ ಈ ಹಾಡನ್ನು ಕಟ್ಟಬಲ್ಲಳು. ಹಲವು ಮಕ್ಕಳ ತಾಯಿಯು ಇಂತಹ ವಿಷಯವನ್ನು ಹಾಡಲು, ಕೇಳುವ ತಾಯಂದಿರು ನಕ್ಕು ಹಗುರವಾಗುತ್ತಿದ್ದಿರಬೇಕು.

ಆದರೆ ಆಕೆಯ ಹೆಸರನ್ನು ಎಲ್ಲಕ್ಕಿಂತ ಹೆಚ್ಚಾಗಿ ಹರಡಿದುದು, ಆಕೆಗೆ ಎಲ್ಲಕ್ಕಿಂತ ಹೆಚ್ಚಾದ ಅಪವಾದವನ್ನು ತಂದುದು, ದುವಾಯ್‌ವಾಯ್ ಎಂಬ ಹಾಡು. ಅದು ಸ್ತ್ರೀಯ ನಿತಂಬವನ್ನು ಕುರಿತುದು. ಹೆಣ್ಣಿನ ಅಂಗಸೌಷ್ಠವಕ್ಕೆ ಗಂಡಸಿನ ಮೇಲಿರುವ ಪ್ರಭುತ್ವವನ್ನು ಆಕೆಯು ಅದರಲ್ಲಿ ಸಂಕೋಚವಿಲ್ಲದೆ ಕೊಂಡಾಡಿದಳು. ಇಂತಹ ಹಾಡು ಧ್ವನಿಮುದ್ರಿಕೆಗಳಾಗಿ ಬೀದಿಯಲ್ಲಿ ಮೊಳಗಿದಾಗ ಸಂಭಾವಿತರು ಕಿವಿಮುಚ್ಚಿಕೊಂಡುದರಲ್ಲಿ ಆಶ್ಚರ್ಯವಿಲ್ಲ. ಭಕ್ತಿಗೀತದ ವಾದ್ಯವನ್ನು ಇಂತಹ ಮಾತಿಗೆ ಬಳಸಬಹುದೇ ಎಂಬ ಆಕ್ಷೇಪಕ್ಕೂ ಆಸ್ಪದವುಂಟು.

ಈ ಆಕ್ಷೇಪವನ್ನು ತಿರಸ್ಕಾರದಿಂದ ತಳ್ಳಿಹಾಕುವುದು ತಕ್ಕುದಲ್ಲ. ಸಭೆಗೆ ಸಲ್ಲುವ ಮಾತು ಬೇರೆ, ಅಂತಃಪುರಕ್ಕೆ ಸಲ್ಲುವ ಮಾತು ಬೇರೆ ಎಂಬ ಭೇದವು ಎಲ್ಲ ಸಮಾಜಗಳಲ್ಲಿಯೂ ಇರುವುದು. ಆ ಭೇದವನ್ನು ಕಾಪಾಡುವುದರಲ್ಲಿ ವಿವೇಕವೂ ಇದೆ. ಆದರೆ ಎರಡು ಸಂಗತಿಗಳನ್ನು ವಿಚಾರಿಸಬೇಕು. ಮೊದಲನೆಯದು, ಗಂಡಸರ ಪ್ರವೇಶವಿಲ್ಲದ ಮದುವೆಯ ಅಂಗಳಗಳಲ್ಲಿ ಹೆಂಗಸರು ತಮ್ಮೊಳಗೆ ಇಂತಹ ಹಾಸ್ಯವನ್ನು ಆಡಿಕೊಳ್ಳುವುದು ಹೊಸದಲ್ಲ. ಬರ್ಮಾನಿಯು ಇಲ್ಲದ ಮಾತನ್ನು ಸೃಷ್ಟಿಸಲಿಲ್ಲ. ಇದ್ದ ಮಾತು ಹೊರಗೆ ಕೇಳಿಸಿತು, ಅಷ್ಟೆ. ನಾಚಿದವರಲ್ಲಿ ಅನೇಕರು ಹೊಸದಾಗಿ ಕೇಳಿದವರು. ಎರಡನೆಯದು, ಹೆಣ್ಣಿನ ಅಂಗಾಂಗಗಳನ್ನು ಆಪಾದಮಸ್ತಕವಾಗಿ ವರ್ಣಿಸುವ ಅಧಿಕಾರವನ್ನು ಕವಿಗಳು ಎಲ್ಲ ದೇಶಗಳಲ್ಲಿಯೂ ಧಾರಾಳವಾಗಿ ಬಳಸಿಕೊಂಡಿರುವರು. ಅದಕ್ಕೆ ಶೃಂಗಾರವೆಂದು ಗೌರವವೂ ಸಂದಿರುವುದು. ಅದೇ ವಿಷಯವನ್ನು ಒಬ್ಬ ತಾಯಿಯು ನಗುತ್ತ ಹಾಡಿದರೆ ಮಾತ್ರ ಅಶ್ಲೀಲವಾಗುವುದೇತಕ್ಕೆ? ಒಬ್ಬಳ ಒಂದು ಹಾಡನ್ನು ಹಿಡಿದು ಆಕೆಯ ಎಲ್ಲ ಹಾಡುಗಳಿಗೂ ತೀರ್ಪು ಕೊಡುವುದು ನ್ಯಾಯವಾಗಲಾರದು. ಕಸಬನ್ನು ಹಿಡಿಯಿರೆಂದ ಬಾಯಿಯೇ ಈ ಹಾಡನ್ನೂ ಹಾಡಿತೆಂಬುದನ್ನು ಕೂಡಿಸಿಯೇ ನೋಡತಕ್ಕದ್ದು.

ಹಾಗೆಂದು ಆಕೆಯನ್ನು ಕ್ರಾಂತಿಕಾರಿಣಿಯಾಗಿ ಚಿತ್ರಿಸುವುದೂ ಸತ್ಯಕ್ಕೆ ದೂರವಾದುದು. ಕುಲ್ಲೆಯನ್ನು ಮುರಿಯಿರೆಂದು ಆಕೆಯು ಹೇಳಲಿಲ್ಲ; ಬಹುಪತ್ನೀತ್ವವನ್ನು ಎತ್ತಿಹಾಕಿರೆಂದೂ ಹೇಳಲಿಲ್ಲ. ಇವೆಲ್ಲ ಇರುವ ಲೋಕವೆಂದು ಎಣಿಸಿ, ಆ ಲೋಕದಲ್ಲಿ ಹೆಂಗಸು ಮಾನದಿಂದ ಬಾಳುವುದು ಹೇಗೆಂಬುದನ್ನು ಹಾಡಿದಳು. ಶ್ರೀಮಂತರನ್ನು ಹೊಗಳಿ ಸಂಭಾವನೆ ಪಡೆಯುವ ವೃತ್ತಿಧರ್ಮಕ್ಕೂ ಆಕೆಯು ಹೊರತಾಗಿರಲಿಲ್ಲ. ಅದು ಅವಳ ಕಸಬು. ಕಸಬನ್ನು ಹಿಡಿಯಿರೆಂದು ಇತರರಿಗೆ ಹೇಳಿದವಳು ತಾನು ಹಿಡಿದ ಕಸಬಿನಿಂದಲೇ ಬಾಳಿ ತೋರಿಸಿದಳು. ನುಡಿಗೂ ನಡೆಗೂ ಇದಕ್ಕಿಂತ ಹೆಚ್ಚಿನ ಹೊಂದಿಕೆಯನ್ನು ಯಾರಿಂದ ಬಯಸಬಹುದು?

ಆಕೆಯ ಧ್ವನಿಯು ದೂರ ದೂರಕ್ಕೆ ಹೋದುದಕ್ಕೆ ಕಾಲದ ಯಂತ್ರಗಳೂ ಸಹಾಯವಾದುವು. ಉತ್ತರ ನೈಜೀರಿಯಾದ ಪ್ರಸಾರ ಸಂಸ್ಥೆಯು 1962ರಲ್ಲಿ ಕಡೂನಾ ನಗರದಲ್ಲಿ ಆಕಾಶವಾಣಿಯನ್ನು ಸ್ಥಾಪಿಸಿತು. ಅದರ ಹೌಸಾ ಪ್ರಸಾರವು ಆ ನಾಡಿನಲ್ಲೆಲ್ಲ ಕೇಳಿಸುತ್ತಿದ್ದಿತು. ತರುವಾಯ ಅಗ್ಗದ ಧ್ವನಿಸುರುಳಿಗಳು ಬಂದುವು. ಗೋಡೆಯು ಮನುಷ್ಯರನ್ನು ತಡೆಯಬಲ್ಲುದೇ ಹೊರತು ಧ್ವನಿಯನ್ನು ತಡೆಯಲಾರದು. ಅಂಗಳದಿಂದ ಹೊರಬಿದ್ದ ಹಾಡು ಯಂತ್ರದ ಮುಖಾಂತರ ಮತ್ತೆ ಸಾವಿರಾರು ಅಂಗಳಗಳನ್ನು ಹೊಕ್ಕಿತು. ಫುಂತುವಾದ ಹೆಂಗಸೊಬ್ಬಳು ಹೇಳಿದುದನ್ನು ಎಂದೂ ಆಕೆಯನ್ನು ಕಾಣದ ಹೆಂಗಸರು ಒಲೆಯ ಮುಂದೆ ಕುಳಿತೇ ಕೇಳಿದರು. ನೂರೈವತ್ತು ವರ್ಷಗಳ ಹಿಂದೆ ನಾನಾ ಅಸ್ಮಾವುವಿನ ಶಿಕ್ಷಕಿಯರು ಕಾಲ್ನಡೆಯಲ್ಲಿ ಮಾಡಿದ ಕೆಲಸವನ್ನು ಬೇರೊಂದು ರೀತಿಯಲ್ಲಿ ಈ ಯಂತ್ರಗಳು ಮಾಡಿದುವು. ಇವರಿಬ್ಬರನ್ನೂ ಸಮಾನರೆಂದು ಹೇಳುವುದು ಉದ್ದೇಶವಲ್ಲ. ಒಬ್ಬಳು ಶಾಸ್ತ್ರವನ್ನರಿತ ವಿದುಷಿ, ಇನ್ನೊಬ್ಬಳು ಬುರುಡೆಯ ಹಾಡುಗಾರ್ತಿ. ಆದರೆ ಹೆಂಗಸಿನ ಬಾಯಿಂದ ಹೆಂಗಸಿನ ಕಿವಿಗೆ ಪದ್ಯರೂಪವಾಗಿ ಬುದ್ಧಿ ಹೇಳುವ ಹಾದಿಯು ಆ ನಾಡಿನಲ್ಲಿ ಹಳೆಯದೆಂಬುದನ್ನು ಇಬ್ಬರ ಜೀವನವೂ ತೋರಿಸುವುದು.

ಕಾಲವು ಮತ್ತೆ ತಿರುಗಿತು. 1990ರ ದಶಕದಲ್ಲಿ ಕಾನೋ ನಗರದಲ್ಲಿ ಹೌಸಾ ಚಲಚ್ಚಿತ್ರಗಳ ಉದ್ಯಮವು ಬೆಳೆದು, ವಿದ್ಯುದ್ವಾದ್ಯಗಳ ಮೇಲೆ ಕಟ್ಟಿದ ಚಿತ್ರಗೀತಗಳು ಯುವಕರನ್ನು ಸೆಳೆದುವು. ಮದುವೆಯ ಮನೆಗಳಲ್ಲಿಯೂ ಈ ಗೀತಗಳೇ ಕೇಳಬಂದುವು. 1999ರಿಂದೀಚೆಗೆ ಉತ್ತರದ ಹನ್ನೆರಡು ಪ್ರಾಂತಗಳು ದಂಡನೆಯ ವಿಷಯದಲ್ಲಿಯೂ ಇಸ್ಲಾಂ ಧರ್ಮಶಾಸ್ತ್ರವನ್ನು ಜಾರಿಗೆ ತಂದುವು. ಕತ್ಸಿನಾ ಪ್ರಾಂತವೂ ಅವುಗಳಲ್ಲೊಂದು. ಕಾನೋ ಪ್ರಾಂತವು 2001ರಲ್ಲಿ ಚಿತ್ರಗಳನ್ನೂ ಹಾಡುಗಳನ್ನೂ ಪರಿಶೀಲಿಸುವ ಮಂಡಲಿಯೊಂದನ್ನು ಸ್ಥಾಪಿಸಿತು. ಒಂದು ಕಡೆ ಹೊಸ ವಾದ್ಯಗಳ ಅಬ್ಬರ, ಇನ್ನೊಂದು ಕಡೆ ಸದಾಚಾರದ ಕಾವಲು. ಈ ಎರಡರ ನಡುವೆ ನೀರಿನ ಮೇಲಿನ ಬುರುಡೆಯ ನಾದವು ಕ್ಷೀಣವಾಗಿ ಕೇಳತೊಡಗಿತು. ಆದರೂ ಬರ್ಮಾನಿಯ ಹೆಸರನ್ನು ಜನರು ಮರೆಯಲಿಲ್ಲ. ವಿದ್ವಾಂಸರೂ ಆಕೆಯನ್ನು ಗಣನೆಗೆ ತಂದುಕೊಂಡರು. ಅಮೆರಿಕಾ ದೇಶದ ಬೆವರ್ಲಿ ಮ್ಯಾಕ್ ಎಂಬ ವಿದುಷಿಯು ಹೌಸಾ ಸ್ತ್ರೀಯರ ಹಾಡುಗಳನ್ನು ಕುರಿತು 2004ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಚೋಗೆಯ ಹಾಡಿಗೂ ಸ್ಥಳವುಂಟು. ಬೀದಿಯಲ್ಲಿ ನಾಚಿಕೆಗೀಡಾದುದು ವಿದ್ಯಾಪೀಠಗಳಲ್ಲಿ ಪಠ್ಯವಾಗುವುದು ಲೋಕದಲ್ಲಿ ಹೊಸದೇನೂ ಅಲ್ಲ.

ನಾನಾ ಅಸ್ಮಾವುವಿನ ಕವನಗಳು ಕೈಬರೆಹದ ಹಾಳೆಗಳಲ್ಲಿ ಉಳಿದುವು. ಆ ಹಾಳೆಗಳನ್ನು ಜೋಪಾನವಾಗಿಟ್ಟ ವಂಶವಿದ್ದಿತು. 1997ರಲ್ಲಿ ಅವುಗಳ ಸಂಗ್ರಹವು ಅಚ್ಚಾಗಿ ಹೊರಬಂದಿತು. ಬರ್ಮಾನಿಯ ಹಾಡು ಹುಟ್ಟಿದುದು ಬಾಯಲ್ಲಿ, ಉಳಿದುದು ಧ್ವನಿಸುರುಳಿಗಳಲ್ಲಿ. ತಾಳೆಗರಿಗೆ ಗೆದ್ದಲೆಂತೋ ಧ್ವನಿಸುರುಳಿಗೆ ಬಿಸಿಲೂ ಧೂಳೂ ಅಂತೆಯೇ; ಹಾಡು ಉಳಿಯಬೇಕಾದರೆ ಅದನ್ನು ಪ್ರತಿಮಾಡಿ ಕಾಪಾಡತಕ್ಕವರು ಬೇಕು. ಹಾಡಿನ ಮಾತನ್ನು ಬರೆದಿಟ್ಟರೂ ಆಕೆಯು ವಾಲಿದ ಪರಿ, ಮಾತಿನ ನಡುವೆ ತಡೆದು ನಕ್ಕ ಪರಿ, ವೃದ್ಧೆಯರ ಕೈಯಡಿಯಲ್ಲಿ ನೀರು ಗುಡುಗಿದ ಪರಿ ಹಾಳೆಯ ಮೇಲೆ ಬಾರದು. ದೊಡ್ಡವರ ಕಾವ್ಯಕ್ಕೆ ಭಂಡಾರಗಳಿರುವಂತೆ ಹಿತ್ತಿಲ ಹಾಡಿಗೂ ಒಂದು ಭಂಡಾರವಿರಬೇಕೆಂಬುದು ಎಲ್ಲ ನಾಡುಗಳ ವಿದ್ಯಾವಂತರೂ ಯೋಚಿಸಬೇಕಾದ ವಿಷಯ.

ಫುಂತುವಾದಲ್ಲಿ ಆಕೆಯನ್ನು ಮಣ್ಣುಮಾಡಿ ವರ್ಷಗಳು ಕಳೆದುವು. ಹೌಸಾ ಅಂಗಳಗಳಲ್ಲಿ ಸೋರೆಯ ಬಳ್ಳಿಯು ಈಗಲೂ ಹಬ್ಬುವುದು, ಕಾಯಿ ಬಲಿಯುವುದು, ಬಟ್ಟಲಾಗುವುದು. ಬಟ್ಟಲನ್ನು ನೆಟ್ಟಗಿಟ್ಟರೆ ಅದು ಅಂಬಲಿಯ ಪಾತ್ರೆ. ನೀರಿನ ಮೇಲೆ ಬೋರಲಿಟ್ಟರೆ ವಾದ್ಯ. ಅದನ್ನು ಬೋರಲಿಡುವ ಕೈಯೂ ಅದರ ಜತೆಗೆ ನಿಜವನ್ನಾಡುವ ಬಾಯಿಯೂ ಒಂದೆಡೆ ಕೂಡಿಬರುವುದು ದುರ್ಲಭ. ಬರ್ಮಾನಿ ಚೋಗೆಯಲ್ಲಿ ಇವೆರಡೂ ಕೂಡಿದ್ದುವು.